ಗಾಳಿ ಜೋರಾದಾಗ ಬಿದ್ದ ಚೆಂಡು

೨೦೨೪ರ ಜುಲೈ ೧೪, ಭಾನುವಾರ, ಬೆಳಿಗ್ಗೆ ೬ ಗಂಟೆ ೪೦ ನಿಮಿಷಕ್ಕೆ ಪುಣೆಯ ಹಿಂಜವಾಡಿಯಿಂದ ಜೀಪು ಹೊರಟಿತು. ಸಿಂಧೂರ, ಅಭಿಲಾಷ ಒಂದೇ ಕಂಪನಿಯ ಎಂಜಿನಿಯರುಗಳು. ಜೊತೆಗಿದ್ದ ಅವ್ವಣ್ಣ ಯಾದಗಿರಿಯವನು, ಮಗರಪಟ್ಟಾದ ಎತ್ತರದ ಕಟ್ಟಡಗಳಲ್ಲಿ ಹಗ್ಗಕ್ಕೆ ಜೋತು ಗಾಜು ಒರೆಸುವವನು.

ಮಳೆಗಾಲದಲ್ಲಿ ಕೊಂಕಣದ ಗಾಳಿ ಸಹ್ಯಾದ್ರಿಯ ಕಡಿದಾದ ಗೋಡೆಗೆ ಬಡಿದು ಮೇಲಕ್ಕೇರುತ್ತದೆ. ಮುಂಚಾಚಿದ ಬಂಡೆಯಡಿ ಸಿಕ್ಕಿಬಿದ್ದ ಚಾರಣಿಗರಿಗೆ ಮೇಲಿನಿಂದ ಬಿಟ್ಟ ಹಗ್ಗ ಎಟುಕುವುದಿಲ್ಲ. ಅವರೇ ಹಗುರವಾದ ಚೆಂಡಿಗೆ ದಾರ ಕಟ್ಟಿ ಆ ಗಾಳಿಗೆ ಬಿಟ್ಟರೆ ಮೇಲಿನವರು ದಾರಕ್ಕೆ ಹಗ್ಗ ಬಿಗಿದು ಕೊಡಬಹುದು. ಅಂಥ ಚೆಂಡಿನ ಪರೀಕ್ಷೆಗೇ ಮೂವರೂ ಹೊರಟಿದ್ದರು. ಗಾಳಿ ಹೆಚ್ಚಿದಷ್ಟೂ ಎತ್ತುವ ಬಲ ಹೆಚ್ಚುತ್ತದೆ ಎಂದು, ವಿಂಡ್ ಟನಲ್ ಎಂಬ ಗಾಳಿಕೊಳವೆಯಲ್ಲಿ ಅಳೆದು ಅಭಿಲಾಷ ಬರೆದ ರೇಖಾನಕ್ಷೆ ತೋರಿಸುತ್ತಿತ್ತು. ನಾಲ್ಕು ವರ್ಷ ಡಬ್ಬಿ ಹಂಚಿಕೊಂಡು ಉಂಡ ಗೆಳೆಯ. ಮೂಲ ಅಂಕಿಗಳನ್ನು ಕೇಳದೆಯೇ ಸಿಂಧೂರ ಅದಕ್ಕೆ ಸಹಿ ಹಾಕಿದ್ದಳು.

ಬೆಟ್ಟದಂಚು ತಲುಪಿದ ಮೇಲೆ ಅಭಿಲಾಷ ಮೇಲೆಯೇ ನಿಂತ. ಉಳಿದಿಬ್ಬರು ಕಾಲುದಾರಿಯಲ್ಲಿ ಬಂಡೆಯಡಿಗೆ ಇಳಿದರು.

ಹನ್ನೊಂದೂಕಾಲಿಗೆ ಹಿಂದೆ ಮಣ್ಣು ಜರಿಯಿತು. ಬಂದ ದಾರಿ ಕಣಿವೆ ಸೇರಿತು. ಈಗ ಚೆಂಡು ಮೇಲೇರದಿದ್ದರೆ ಅವರೂ ಏರುವಂತಿರಲಿಲ್ಲ.

ಬಿಟ್ಟರು. ಏರಿತು. ಗಾಳಿ ರಭಸಗೊಂಡದ್ದೇ ತಡ, ಕಲ್ಲಿನಂತೆ ಕೆಳಗಿಳಿಯಿತು. ಮತ್ತೆ ಬಿಟ್ಟರು, ಮತ್ತೆ ಬಿತ್ತು; ಸಿಂಧೂರಳ ಕೈಯ ಗಾಳಿಮಾಪಕ ಆಗ ಸೆಕೆಂಡಿಗೆ ೧೨.೪ ಮೀಟರ್ ತೋರಿಸುತ್ತಿತ್ತು.

"ಜೋರ್ ಗಾಳಿ ಬಂದಾಗೇ ಬೀಳ್ತದ ನೋಡ್ರಿ ಮೇಡಂ," ಎಂದ ಅವ್ವಣ್ಣ. "ಮಂದ ಇದ್ದಾಗ ಛಲೋ ಏರ್ತದ."

ಸಿಂಧೂರ ವಾಕಿಟಾಕಿ ಒತ್ತಿದಳು. "ಅಭಿ, ಟನಲ್‌ನಲ್ಲೂ ಹೀಗಾಗಿತ್ತಾ?"

ಗರಗರ ಸದ್ದಿನ ನಡುವೆ ಅಭಿಲಾಷನ ದನಿ ಬಂತು.

"ಗಾಳಿ ಹನ್ನೆರಡು ಮೀಟರ್ ದಾಟಿದ್ಮೇಲೆ ಫೋರ್ಸ್ ಸಡನ್ನಾಗಿ ಬಿದ್ದೋಯ್ತು. ಮೂರು ಸಲ. ಆ ಪಾಯಿಂಟ್ಸ್ ತೆಗೆದುಬಿಟ್ಟೆ. ನಾಳೆ ಡೆಮೊ ಇತ್ತಲ್ವಾ, ಸಿಂಧು."

ಸಿಂಧೂರ ಕಾಲೇಜಿನಲ್ಲೇ ಕಲಿತ ಪಾಠವದು: ಒಂದು ವೇಗದವರೆಗೆ ಗಾಳಿ ಉರುಟು ಮೈಯನ್ನು ಬೇಗನೆ ಬಿಟ್ಟು, ಹಿಂದೆ ಅಗಲವಾದ ಸುಳಿಯನ್ನು ಉಳಿಸುತ್ತದೆ. ಚೆಂಡನ್ನು ಗಾಳಿಯ ಜೊತೆ ಮೇಲಕ್ಕೆ ಎಳೆಯುವುದು ಆ ಸುಳಿ. ವೇಗ ಮಿತಿ ದಾಟಿದರೆ ಗಾಳಿ ಬೆನ್ನನ್ನೂ ಅಪ್ಪಿಕೊಂಡು ಸಾಗುತ್ತದೆ, ಸುಳಿ ಕಿರಿದಾಗುತ್ತದೆ, ಹಿಡಿತ ಸಡಿಲುತ್ತದೆ. ಆ ಮೂರು ಚುಕ್ಕಿಗಳನ್ನು ಕಂಡಿದ್ದರೆ ಅವ್ವಣ್ಣನನ್ನು ಇಲ್ಲಿಗೆ ಇಳಿಸುತ್ತಲೇ ಇರಲಿಲ್ಲ.

ಗಾಳಿ ಇಳಿಯುವವರೆಗೆ ಕಾಯೋಣ ಎಂದಳು. ಗಾಳಿಮಾಪಕ ಈಗ ಹದಿನಾಲ್ಕು ತೋರಿಸುತ್ತಿತ್ತು. ಹದಿಮೂರು. ಹನ್ನೆರಡು. ಮತ್ತೆ ಹದಿಮೂರು. ಬೆರಳು ಮರಗಟ್ಟಿದವು.

ಹನ್ನೊಂದು.

ಅವ್ವಣ್ಣ ಚೆಂಡನ್ನು ಬಂಡೆಯಾಚೆ ತಳ್ಳಿದ. ಅದು ಏರಿತು, ತೂಗಾಡಿತು, ಅಂಚು ದಾಟಿತು. ದಾರವನ್ನು ಎಳೆದುಕೊಂಡಾಗ ಅದರ ಹಿಂದೆ ಅಭಿಲಾಷ ಬಿಗಿದ ಹಗ್ಗ ಬಂತು.

"ಗಂಟರೆ ಖರೇನ ಕಟ್ಯಾರೇನ್ರೀ?" ಎಂದ ಅವ್ವಣ್ಣ. ಇಬ್ಬರೂ ಮೈಭಾರ ಹಾಕಿ ಜಗ್ಗಿ ನೋಡಿದ ಮೇಲೆಯೇ ಹತ್ತಿದರು.

ಮೇಲೆ ಅಭಿಲಾಷ ಕೈ ಚಾಚಿದ. ಸಿಂಧೂರ ಬಂಡೆಯಂಚನ್ನು ಹಿಡಿದು ಮೇಲೆ ಬಂದಳು. ಅವ್ವಣ್ಣ ಚೆಂಡನ್ನು ಕಂಕುಳಲ್ಲಿ ಅವುಚಿಕೊಂಡು ಜೀಪಿನತ್ತ ನಡೆದ.

ಒದ್ದೆ ನಕ್ಷೆಯನ್ನು ಮೊಣಕಾಲ ಮೇಲೆ ಬಿಡಿಸಿ, ಅವಳು ತನ್ನ ಸಹಿಯ ಮೇಲೆ ಗೀಟು ಎಳೆದು, ಕೆಳಗೆ ಬರೆದಳು: ಚೆಂಡು ಬಿದ್ದ ಗಾಳಿವೇಗ, ಸೆಕೆಂಡಿಗೆ ೧೨.೪ ಮೀಟರ್.