ನಾಗಾರ್ಜುನನ ಆಟ

ಪಾಂಡವಪುರದ ಬಸ್ ಸ್ಟ್ಯಾಂಡಿನ ಪಕ್ಕ ಕುಮಾರನ ವಿಡಿಯೋ ಗೇಮ್ ಅಂಗಡಿ. ಬೆಳಿಗ್ಗೆ ಬಾಗಿಲು ತೆಗೆದರೆ ಆಟದ ಮಿಷನ್ನು ಹಾಳು. ಯಾರೋ ಮುಚ್ಚಳ ಎತ್ತಿ ಒಳಗೆ ಏನನ್ನೋ ಸುರಿದಿದ್ದರು. ಸಿಡಿಯ ಮೇಲೆಲ್ಲ ಇರುವೆ. ಬೀಗ ಮಾತ್ರ ಒಡೆದಿರಲಿಲ್ಲ.

ಸಬ್ ಇನ್ಸ್‌ಪೆಕ್ಟರ್ ರಂಗಸ್ವಾಮಿಯ ಮುಂದೆ ಕುಮಾರ ತಲೆ ಮೇಲೆ ಕೈ ಹೊತ್ತು ಕೂತ. ಇದು ಕೆ.ಆರ್. ಪೇಟೆಯ ದೇವಯ್ಯನದೇ ಕೆಲಸ ಎಂದ. ಅವನದೂ ಇಂಥದೇ ಅಂಗಡಿ, ಆ ಸಿಡಿಯ ಮೇಲೆ ಅವನ ಕಣ್ಣಿತ್ತು. ಬೇರೆಲ್ಲೂ ಸಿಗದ ಸಿಡಿ ಅದು. ಕುಮಾರನ ಗೆಳೆಯ ನಾಗಾರ್ಜುನ ಕಂಪ್ಯೂಟರಿನಲ್ಲಿ ಯಾವುದೋ ಪ್ರೋಗ್ರಾಮ್ ಹಾಕಿ, ಆಟದ ಮುಖ್ಯ ಫೈಲನ್ನೇ ಬಿಚ್ಚಿ, ಹೀರೋನ ಹೆಸರು ಅಳಿಸಿ ತನ್ನ ಹೆಸರು ಕೂರಿಸಿದ್ದ. ಹೀರೋಗೆ ಇನ್ನಷ್ಟು ಜೀವ ಬೇರೆ ಕೊಟ್ಟಿದ್ದ. ಹುಡುಗರು ಮುಗಿಬಿದ್ದು ಆಡುತ್ತಿದ್ದರು. ಪಾಪ, ಅದೇ ನಾಗಾರ್ಜುನ ತೊಂಬತ್ತೆಂಟರ ಮಳೆಗಾಲದಲ್ಲಿ ನಾಲೆಗೆ ಬಿದ್ದ. ಹೆಣವೂ ಸಿಗಲಿಲ್ಲ.

\*\*\*

ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅನ್ನುವವರು ಪೊಲೀಸರು. ದೇವಯ್ಯನನ್ನು ಠಾಣೆಗೆ ಎಳೆತಂದು ಕೂರಿಸಿದರು. ನಾಗಮಂಗಲದಲ್ಲಿ ಮದುವೆಗೆ ಹೋಗಿದ್ದೆ ಎಂದು ಗೋಗರೆದ. ಯಾರೂ ನಂಬಲಿಲ್ಲ.

ರಂಗಸ್ವಾಮಿ ಮಾತ್ರ ಅಂಗಡಿಗೆ ಬಂದು ಮಿಷನ್ನನ್ನು ಮೂಗಿನ ಹತ್ತಿರ ಹಿಡಿದ. ಹಾಲು. ಜೊತೆಗೆ ತುಪ್ಪದ ವಾಸನೆ.

"ಬೀಗದ ಕೈ ಎಷ್ಟವೆ ಕುಮಾರ?"

"ಎಲ್ಡು ಸಾ. ಒಂದು ನಾಗಾರ್ಜುನನ ತಾವ ಇತ್ತು."

"ನಡಿ, ಅವನ ಮನೆಗೋಗುವ."

\*\*\*

ನಾಗಾರ್ಜುನನ ತಾಯಿ ಸಿದ್ದಲಿಂಗಮ್ಮ ಜಗಲಿಯ ಮೇಲೆ ಕೂತಿದ್ದಳು. ರಂಗಸ್ವಾಮಿ ಪಕ್ಕದಲ್ಲೇ ಕೂತು ಮೆಲ್ಲಗೆ ಬಿಡಿಸಿ ಹೇಳಿದ. ಆಗದವನು ನೀರು ಸುರಿದಾನು, ಮಣ್ಣು ಸುರಿದಾನು. ತುಪ್ಪ ಯಾರು ಸುರಿಯುತ್ತಾರೆ? ಮಣ್ಣು ಮಾಡಿದ ಜಾಗಕ್ಕೆ ಹಾಲು ತುಪ್ಪ ಬಿಡುವವರು ಮನೆಯವರು. ಈ ಮಗನಿಗೆ ಮಣ್ಣೇ ಆಗಿಲ್ಲ. ಬೀಗ ತೆಗೆದ ಕೈಯೂ ಈ ಮನೆಯದೇ.

ಸಿದ್ದಲಿಂಗಮ್ಮ ಇಲ್ಲವೆನ್ನಲಿಲ್ಲ.

"ಡೈರಿಗೋಗುವಾಗ ಇವ್ನ ಅಂಗ್ಡಿ ಮುಂದೆ ದಿನಾ ಕೇಳ್ತಿದ್ದೆ ಸಾಮಿ. ನಾಗಾರ್ಜುನ ಸತ್ತ, ನಾಗಾರ್ಜುನ ಸತ್ತ ಅಂತ ಐಕ್ಳು ಕೂಗವು. ನನ್ ಮಗ ಅದ್ರೊಳಗೆ ಸಿಕ್ಕಾಕ್ಕಂಡು ದಿನಾ ಸಾಯ್ತಾವ್ನೆ ಅನ್ನುಸ್ತು. ಆಲು ತುಪ್ಪ ಬುಟ್ಟು ಕಳಿಸ್ಬುಟ್ಟೆ."

ರಂಗಸ್ವಾಮಿಯ ಕಣ್ಣು ತುಂಬಿತು. ದೇವಯ್ಯನನ್ನು ಬಿಟ್ಟುಬಿಡಿ ಎಂದು ಜೊತೆಗೆ ಬಂದಿದ್ದ ಪೇದೆಯನ್ನು ಠಾಣೆಗೆ ಓಡಿಸಿದ.

ಆ ಸಿಡಿಯ ಇನ್ನೊಂದು ನಕಲು ಕುಮಾರನ ಮನೆಯಲ್ಲಿತ್ತು. ಬೇರೆ ಮಿಷನ್ನು ತಂದರೆ ನಾಳೆಯೇ ಅದೇ ಆಟ, ಅದೇ ಕೂಗು. ಸಿದ್ದಲಿಂಗಮ್ಮ ಅವನ ಕೈ ಹಿಡಿದುಕೊಂಡಳು.

"ಒಂಟೋದ್ನಾ ಮಗ, ನಮ್ ನಾಗಾರ್ಜುನ?"

"ಒಂಟೋದ ಕಣವ್ವ," ಎಂದವನೇ ಕುಮಾರ ಬಿಕ್ಕಿ ಬಿಕ್ಕಿ ಅತ್ತ.

"ಅಂಗಾರೆ ಅಳಬ್ಯಾಡ ಬುಡು," ಎಂದಳು ಅವಳು.