ಚೌಕದೊಳಗಿನ ಅಕ್ಷರ

ಪರದೆಯ ತುಂಬ ಬರೀ ಖಾಲಿ ಚೌಕಗಳು.

ಕೊಟ್ಟೂರಿನ ತನ್ನ ಡಿಟಿಪಿ ಅಂಗಡಿಯಲ್ಲಿ ಗಂಗಾಂಬಿಕಾ ಕಣ್ಣು ಕಿರಿದು ಮಾಡಿ ನೋಡಿದಳು. ಪಕ್ಕದಲ್ಲಿ ಹತ್ತಿರದ ಹಳ್ಳಿ ಅರಸೀಕೆರೆಯ ಗುರುಶಾಂತ. ಶೇಂಗಾ ಸುಲಿಯುವ ಅವನ ಹೊಸ ಮಷೀನಿನ ಬಟನ್‌ಗಳಿಗೆ, ಅವನು ಪೆನ್‌ಡ್ರೈವ್‌ನಲ್ಲಿ ತಂದ ಚೀನಿ ಬರಹದ ಕೆಳಗೆ ಕನ್ನಡ ಸೇರಿಸಿ ಸ್ಟಿಕ್ಕರ್ ಮಾಡಬೇಕಿತ್ತು.

"ಅಕ್ಷರ ಎಲ್ಲಾ ಹಾರಿ ಹೋಗ್ಯಾವೇನ್ರಿ?"

"ಇಲ್ರಿ, ಒಳಗ ಅದಾವ. ತೋರಿಸೋ ಫಾಂಟ್ ನನ್ನತ್ರ ಇಲ್ಲ, ಅಷ್ಟ."

ಚೀನಿ ಫಾಂಟ್ ಇಳಿಸಿಕೊಂಡು, ಕೆಳಗೆ ಕನ್ನಡ ಟೈಪ್ ಮಾಡಿ, ಎಲ್ಲವನ್ನೂ ಒಟ್ಟಿಗೆ ಸೆಲೆಕ್ಟ್ ಮಾಡಿ ಬದಲಿಸಿದಳು. ಚೀನಿ ಅಕ್ಷರಗಳು ಅರಳಿದವು. ಆದರೆ ಹಳೆಯ ನುಡಿ ಫಾಂಟಿನಲ್ಲಿದ್ದ ಕನ್ನಡವೆಲ್ಲ ಅಡ್ಡಾದಿಡ್ಡಿ ಇಂಗ್ಲಿಷ್ ಆಯಿತು.

"ಒಬ್ರನ್ನ ಕರದ್ರ ಇನ್ನೊಬ್ರು ಮುನಿಸ್ಕೊಂಡ್ರಲ್ರಿ!"

ಅವಳು ತುಟಿ ಕಚ್ಚಿ ನಗು ತಡೆದಳು. ಅವನು ಅದನ್ನೇ ನೋಡುತ್ತಿದ್ದ. ಕನ್ನಡವನ್ನಷ್ಟೇ ಮತ್ತೆ ಆರಿಸಿ ಅವಳು ನುಡಿ ಫಾಂಟಿಗೆ ಮರಳಿಸಿದಳು.

ಮರುದಿನ ಮತ್ತೆ ಬಂದ. "ಇದು ಸಪ್ಪಗ ಐತ್ರಿ. ಚಂದಂದು ನೋಡ್ರಿ."

ಕುಂಚದಲ್ಲಿ ಬರೆದಂಥ ಫಾಂಟ್ ಹಾಕಿದಳು. ನಡುವೆ ಎರಡು ಚೌಕ ಉಳಿದವು. "ಚೀನಿಗೆ ಸಾವಿರಾರು ಅಕ್ಷರ್ರಿ. ಚಂದ ಅದಾವಂತ ಎಲ್ಲಾ ಫಾಂಟಿನ್ಯಾಗೂ ಪೂರ್ತಿ ಇರಂಗಿಲ್ಲ."

"ಹಂಗಾರ ನಾಳಿ ಇನ್ನೊಂದು ನೋಡೋಣ್ರಿ."

ಹೀಗೆ ಎಷ್ಟೋ ನಾಳೆಗಳಾದವು.

ಭಾನುವಾರ ಹಡಗಲಿಯಿಂದ ಗಂಡಿನ ಕಡೆಯವರು ಬರುವವರಿದ್ದರು. ಅವಳು ಅದನ್ನು ಅವನಿಗೆ ಹೇಳಿಯೂ ಬಿಟ್ಟಳು. ಅವನೊಂದು ಮಾತಾಡಿದರೆ ಮನೆಯಲ್ಲಿ ಬೇಡ ಎನ್ನಲು ಧೈರ್ಯ ಬರುತ್ತಿತ್ತು. ಅವನು ಪೆನ್‌ಡ್ರೈವ್ ತಿರುವುತ್ತ ಎದ್ದುಹೋದ.

ಶನಿವಾರ ಅವನು ಲ್ಯಾಪ್‌ಟಾಪ್ ಚೀಲ ಹೆಗಲಿಗೇರಿಸಿ ಮತ್ತೆ ಬಂದಾಗ ಕರೆಂಟ್ ಇರಲಿಲ್ಲ. "ನಿಮ್ಮ ಲ್ಯಾಪ್‌ಟಾಪ್ ಕೊಡ್ರಿ, ಅದರಾಗ ಮುಗಿಸ್ತೀನಿ" ಎಂದು ಅದರಲ್ಲಿದ್ದ ಸ್ಟಿಕ್ಕರಿನ ಫೈಲನ್ನು ಅವಳೇ ತೆರೆದಳು.

ಒಂದೂ ಚೌಕವಿಲ್ಲ. ಚೀನಿಗೆ ಚೀನಿ ಫಾಂಟ್, ಕನ್ನಡಕ್ಕೆ ಕನ್ನಡದ್ದು, ಬೇರೆ ಬೇರೆಯಾಗಿ, ಒಪ್ಪವಾಗಿ ಕೂತಿದ್ದವು.

"ಯಾರು ಮಾಡಿದ್ದ್ರಿ ಇದನ್ನ?"

"ನಾನ. ಮೊದಲ್ನೇ ದಿನ ನೀವು ಮಾಡೋದು ನೋಡಿ ಕಲ್ತೆ."

"ಮತ್ತ ದಿನಾ ಯಾಕ ಬಂದ್ರಿ?"

ಅವನು ಲ್ಯಾಪ್‌ಟಾಪಿನ ಅಂಚು ಒರೆಸತೊಡಗಿದ. ತನ್ನ ಅಜ್ಜಿ ಎರ್ರಮ್ಮ ಬೆಳಗಿನ ವಚನ ಹಾಡುತ್ತ ನಡುವೆ ಉಸಿರು ಹಿಡಿದು ನಿಲ್ಲುವುದನ್ನು ಗಂಗಾಂಬಿಕಾ ಚಿಕ್ಕಂದಿನಿಂದ ಕೇಳಿದ್ದಳು. ಮುಂದಿನ ಸಾಲು ಬಂದೇ ಬರುತ್ತದೆ, ಅವಸರ ಮಾಡಬಾರದು. ಹಣೆಯ ವಿಭೂತಿ ಬೆವರಿಗೆ ಕರಗುತ್ತಿದ್ದ ಅವನ ಮುಖವನ್ನು ನೋಡುತ್ತ ಕಾದಳು.

"ನಿಮ್ಮನ್ನ ನೋಡಾಕ್ರಿ," ಅಂದ ಕೊನೆಗೆ. "ನಾಳಿ ನಮ್ಮವ್ವನ್ನ ನಿಮ್ಮನಿಗೆ ಕರ್ಕೊಂಡು ಬರ್ಲೇನ್ರಿ?"

ಅವಳು ಫೋನ್ ಎತ್ತಿಕೊಂಡಳು.

"ಯವ್ವಾ, ಹಡಗಲಿಯವ್ರಿಗೆ ಬರಬ್ಯಾಡ್ರಿ ಅಂತ ಹೇಳು... ಆಮ್ಯಾಲೆ ಬೈಯುವಿಯಂತ, ಈಗ ಕೇಳು. ಮಂಡಕ್ಕಿ ಒಗ್ಗರಣಿ ಮಾಡೋದು ಮಾತ್ರ ಬಿಡಬ್ಯಾಡ." ಅವನತ್ತ ಓರೆಗಣ್ಣಲ್ಲಿ ನೋಡಿದಳು. "ಅರಸೀಕೆರಿಯವ್ರು ಬರಾಕತ್ಯಾರ."