ವೆಂಡೆಲ್‌ಗೆ ಸಿಗಬೇಕಿದ್ದ ಪಾತ್ರ

"ನಿನ್ನ ಭಾವನ್ನ ನೋಡಿ ಕಲಿಯೋ!" ಒಟಿಲಿಯಮ್ಮ ಊಟದ ಮೇಜಿನ ಮೇಲೆ ಚಮಚ ಕುಟ್ಟಿದರು. "ಐದು ವರ್ಷದಿಂದ ಪ್ರತಿ ಗುರುವಾರ ಇಡೀ ದೇಶ ಟಿವಿಯಲ್ಲಿ ಅವನ ಮುಖ ನೋಡುತ್ತೆ. ನೀನು? ಪೆಟ್ಟಿಗೆ ತುಂಬ ಬ್ರಷ್ ತುಂಬ್ಕೊಂಡು ಕಂಡಕಂಡವರ ಬಾಗಿಲು ತಟ್ತೀಯ!"

"ನನಗೂ ಅಭಿಮಾನಿಗಳಿದ್ದಾರಮ್ಮ," ಎಂದ ಮಗ ವೆಂಡೆಲ್, ಮಾಂಸದ ತುಂಡು ಕತ್ತರಿಸುತ್ತಾ. "ನಿನ್ನೆ ಒಂದು ಮನೆಯ ನಾಯಿ ಗೇಟಿನವರೆಗೂ ಓಡಿ ಬಂದು ನನ್ನನ್ನ ಬೀಳ್ಕೊಟ್ಟಿತು."

ಅಕ್ಕ ಲೊರೀನಾ ನಕ್ಕಳು. ಅವಳ ಗಂಡ ಮೆರಿಲ್ ಟಾಲಿವರ್ ಮಾತ್ರ ನಗಲಿಲ್ಲ.

ಸ್ಟುಡಿಯೋಗಳ ಊರಾದ ಬರ್ಬ್ಯಾಂಕಿನ ಆ ಬೀದಿಯಲ್ಲಿ ಮೆರಿಲ್‌ನನ್ನು ಗುರುತಿಸದವರಿರಲಿಲ್ಲ. ಗುರುವಾರದ ಕುದುರೆ ಸವಾರರ ಧಾರಾವಾಹಿಯಲ್ಲಿ ಅವನು ನಾಯಕನಲ್ಲ. ಷರೀಫನ, ಅಂದರೆ ಊರಿನ ಪೊಲೀಸ್ ಅಧಿಕಾರಿಯ, ಹಿಂದೆ ಕುಂಟುತ್ತಾ ಬರುವ ಸಹಾಯಕ. ಆದರೂ ಜನಕ್ಕೆ ಆ ಕುಂಟನೆಂದರೆ ಪ್ರಾಣ. ಆ ಕುಂಟುನಡಿಗೆಯನ್ನು ಹಿತ್ತಿಲಲ್ಲಿ ನಡೆದು ತೋರಿಸಿ ಕಲಿಸಿದವನು ವೆಂಡೆಲ್. ಇಂದಿಗೂ ಪ್ರತಿ ಮಂಗಳವಾರ, ದಿನವಿಡೀ ಬೀದಿ ಸುತ್ತಿ ಬಂದ ಮೇಲೂ, ಷರೀಫನ ಮಾತುಗಳನ್ನು ತಾನು ಓದಿ ಭಾವನಿಗೆ ಸಂಭಾಷಣೆ ಬಾಯಿಪಾಠ ಮಾಡಿಸುತ್ತಿದ್ದವನೂ ಅವನೇ. ಅವನೂ ನಟ, ಭಾವನಿಗಿಂತ ಒಳ್ಳೆಯ ನಟ! ಐದು ವರ್ಷದ ಹಿಂದೆ ಇದ್ದಕ್ಕಿದ್ದಂತೆ ಎಲ್ಲ ಸ್ಟುಡಿಯೋಗಳ ಬಾಗಿಲುಗಳೂ ಅವನಿಗೆ ಮುಚ್ಚಿಹೋದವು. ಯಾಕೆಂದು ಯಾರೂ ಹೇಳಲಿಲ್ಲ... ಗೊತ್ತಿದ್ದವನು ಅದೇ ಮೇಜಿಗೆ ಕೂತು ಐದು ವರ್ಷ ಉಂಡಿದ್ದ.

"ನಿಮ್ಮಪ್ಪ ಬೇಗ ಸತ್ತಿದ್ದೇ ಒಳ್ಳೇದಾಯ್ತು," ಎಂದರು ಒಟಿಲಿಯಮ್ಮ. "ಮಗ ಹೀಗೆ ಕೈಲಾಗದವನಾದದ್ದನ್ನ ನೋಡೋ ಗತಿ ಅವರಿಗೆ ಬರಲಿಲ್ಲ."

ವೆಂಡೆಲ್‌ನ ಮುಖದ ನಗು ಆರಿತು. ಅವನು ತಲೆ ತಗ್ಗಿಸಿ ಆಲೂಗಡ್ಡೆಯನ್ನು ಸುಮ್ಮನೆ ಕಿವುಚತೊಡಗಿದ. ಆ ತಗ್ಗಿದ ತಲೆಯನ್ನು ಕಂಡು ಮೆರಿಲ್‌ನಿಂದ ತಡೆಯಲಾಗಲಿಲ್ಲ.

"ಸಾಕು ಅತ್ತೆ! ಅವನು ಕೈಲಾಗದವನಲ್ಲ... ಆ ಪಾತ್ರ ಅವನದು."

"ಏನಂದ್ರಿ?" ಎಂದಳು ಲೊರೀನಾ.

"ಕೊನೇ ಆಯ್ಕೆಗೆ ನಾವಿಬ್ಬರೇ ಉಳಿದಿದ್ವಿ. ಅವರಿಗೆ ವೆಂಡೆಲ್ ಹಿಡಿಸಿದ್ದ. ಕಾರ್ಯಕ್ರಮಕ್ಕೆ ದುಡ್ಡು ಹಾಕೋ ಸಾಬೂನು ಕಂಪನಿಯವನು ನನ್ನ ಒಬ್ಬನನ್ನೇ ಕರೆದು, 'ನಿಮ್ಮ ಬಾಮೈದ ಹೇಗೆ?' ಅಂತ ಕೇಳ್ದ. ನಾನು... ಅವನು ಕಮ್ಯುನಿಸ್ಟರ ಸಭೆಗಳಿಗೆ ಹೋಗ್ತಾನೆ ಅಂದ್ಬಿಟ್ಟೆ. ಹಾಗಂದ್ರೆ ಅವನ ಹೆಸರು ಕಪ್ಪುಪಟ್ಟಿಗೆ ಸೇರುತ್ತೆ, ಯಾವ ಸ್ಟುಡಿಯೋನೂ ಕೆಲಸ ಕೊಡಲ್ಲ ಅಂತ ಗೊತ್ತಿದ್ದೂ ಅಂದೆ."

"ಒಂದು ಸಲ ಹೋಗಿದ್ದೆ," ವೆಂಡೆಲ್ ಮೆಲ್ಲಗೆ ಹೇಳಿದ. "ಒಬ್ಬಳು ಹುಡುಗಿ ಕರೆದಳು ಅಂತ. ನೀವೇ ಅಲ್ವಾ ಭಾವ, ನಿಮ್ಮ ಕಾರು ಕೊಟ್ಟಿದ್ದು?"

"ಹೌದು," ಎಂದ ಮೆರಿಲ್.

ವೆಂಡೆಲ್ ಬೈದಿದ್ದರೆ, ಕೊರಳಪಟ್ಟಿ ಹಿಡಿದಿದ್ದರೆ ಮೆರಿಲ್‌ಗೆ ಎಷ್ಟೋ ಹಗುರವಾಗುತ್ತಿತ್ತು! ವೆಂಡೆಲ್ ಕೈವಸ್ತ್ರ ಮಡಿಸಿಟ್ಟು ಎದ್ದ. "ನನ್ನ ಹೆಸರು ಹೇಳಿದ್ದಕ್ಕೆ ನೋವಿಲ್ಲ ಭಾವ... ಹೆದರಿಕೆಗೆ ಮನುಷ್ಯ ಏನಾದ್ರೂ ಹೇಳ್ಬಿಡ್ತಾನೆ. ಆದ್ರೆ ಐದು ವರ್ಷ ನನ್ನ ಎದುರು ಕೂತು ಸಂಭಾಷಣೆ ಓದಿಸ್ಕೊಂಡ್ರಲ್ಲ, ಅದು ಹೇಗೆ ಸಾಧ್ಯ ಆಯ್ತು ನಿಮಗೆ?"

ಲೊರೀನಾ ತನ್ನ ಕುರ್ಚಿಯನ್ನು ಗಂಡನ ಪಕ್ಕದಿಂದ ಸದ್ದಿಲ್ಲದೆ ದೂರ ಎಳೆದುಕೊಂಡಳು. ಒಟಿಲಿಯಮ್ಮ, ಎದ್ದುಹೋದ ಮಗನ ಹಿಂದೆಯೇ, ಗ್ಯಾರೇಜಿನ ಮೇಲಿನ ಅವನ ಕೋಣೆಗೆ ಮೆಟ್ಟಿಲ ಕಂಬಿ ಹಿಡಿದು ಏದುಸಿರು ಬಿಡುತ್ತಾ ಹತ್ತಿದರು. "ವೆಂಡೆಲ್... ಬಾಗಿಲು ತೆಗಿಯೋ ಮಗನೆ. ನನಗೆ ಗೊತ್ತಿರಲಿಲ್ಲವೋ!" ಒಳಗೆ ಬಟ್ಟೆ ತುಂಬಿಕೊಳ್ಳುವ ಸದ್ದು ಕೇಳುತ್ತಿತ್ತು. ಬಾಗಿಲು ತೆರೆದಾಗ ಅವನು ತಾಯಿಯ ಹಣೆಗೆ ಮುತ್ತಿಟ್ಟು ಇಳಿದು ಹೋದ.

ಮರುದಿನ ಬೆಳಿಗ್ಗೆಯೇ ಮೆರಿಲ್ ಸಾಬೂನು ಕಂಪನಿಯ ಕಚೇರಿಯಲ್ಲಿದ್ದ. ತಾನು ಹೇಳಿದ್ದು ಅಸೂಯೆಯಿಂದ ಕಟ್ಟಿದ ಮಾತೆಂದು ಬರೆದು ಸಹಿ ಹಾಕಿ ಕೊಟ್ಟ. ಅಂದು ಅವನನ್ನು ಕೇಳಿದ್ದ ಅದೇ ಮನುಷ್ಯ ಕಾಗದವನ್ನು ಓದಿ, ಬೇಸರದಿಂದ ಬದಿಗೆ ಸರಿಸಿದ. "ಪಟ್ಟಿಗೆ ಹೆಸರು ಸೇರಿಸೋದಷ್ಟೇ ನಮಗೆ ಗೊತ್ತು ಟಾಲಿವರ್ ಅವರೇ, ತೆಗೆಯೋದು ನಮ್ಮಲ್ಲಿಲ್ಲ. ಇದನ್ನ ವಾಪಸ್ ತಗೊಂಡು ಹೋಗಿ. ಇಟ್ಟುಹೋದ್ರೆ ಪಟ್ಟಿಗೆ ನಿಮ್ಮ ಹೆಸರೂ ಬರುತ್ತೆ."

ಮೆರಿಲ್ ಕಾಗದವನ್ನು ಅಲ್ಲೇ ಬಿಟ್ಟು ಎದ್ದು ಬಂದ.

ಅಲ್ಲಿಂದ ನಾಲ್ಕನೆಯ ಗುರುವಾರ ಧಾರಾವಾಹಿಯಲ್ಲಿ ಷರೀಫನ ಸಹಾಯಕನಿಗೆ ಗುಂಡು ಬಿತ್ತು. ಸಾಯುವಾಗ ಆಡಲು ಅವನಿಗೆ ಒಂದು ಮಾತನ್ನೂ ಬರೆದಿರಲಿಲ್ಲ. ಆಮೇಲೆ ಮೆರಿಲ್ ಪಕ್ಕದೂರು ಗ್ಲೆಂಡೇಲಿನ ಬಣ್ಣದ ಅಂಗಡಿಯಲ್ಲಿ ಡಬ್ಬ ಕಲಕುವ ಕೆಲಸಕ್ಕೆ ಸೇರಿದ. "ಅಯ್ಯೋ, ನೀವು ಸತ್ತುಹೋದ್ರಲ್ಲ!" ಎಂದು ಗಿರಾಕಿಗಳು ಮರುಗಿದರೆ, "ಹೌದು, ಒಳ್ಳೇದೇ ಆಯ್ತು," ಎನ್ನುತ್ತಿದ್ದ. ಲೊರೀನಾ ಅವನನ್ನು ಬಿಟ್ಟು ಹೋಗಲಿಲ್ಲ. ಬಡಿಸುತ್ತಿದ್ದಳು, ಅಂಗಿ ಒಗೆಯುತ್ತಿದ್ದಳು, ಮುಖ ನೋಡುತ್ತಿರಲಿಲ್ಲ. ಅದು ತನಗೆ ಸಲ್ಲಬೇಕಾದದ್ದೇ ಎಂದು ಅವನು ಒಪ್ಪಿಕೊಂಡಿದ್ದ.

ಮಾರ್ಚ್ ತಿಂಗಳ ಒಂದು ಮಧ್ಯಾಹ್ನ ಫೋನು ಬಂತು. ಲೊರೀನಾ ಬಹಳ ಹೊತ್ತು ಅಳುತ್ತಾ ನಗುತ್ತಾ ಮಾತಾಡಿದಳು. ಕೊನೆಗೆ ರಿಸೀವರನ್ನು ಗಂಡನತ್ತ ಚಾಚಿದಳು. "ವೆಂಡೆಲ್. ನಿಮ್ಮನ್ನ ಕೇಳ್ತಿದ್ದಾನೆ."

ಮೆರಿಲ್ ಅದನ್ನು ಕಿವಿಗಿಟ್ಟುಕೊಂಡ. "ವೆಂಡೆಲ್..."

"ಫ್ರೆಸ್ನೋದಲ್ಲಿದ್ದೀನಿ. ಇಲ್ಲಿನ ಶಾಲೇಲಿ ಮಕ್ಕಳಿಗೆ ನಾಟಕ ಕಲಿಸ್ತಿದ್ದೀನಿ," ಎಂದಿತು ದೂರದ ದನಿ. "ನೋಡಿ ಭಾವ, ನಿಮ್ಮನ್ನ ಕ್ಷಮಿಸೋಕೆ ನನ್ನಿಂದ ಇನ್ನೂ ಆಗಿಲ್ಲ. ಆಗುತ್ತೋ ಇಲ್ಲವೋ, ಅದೂ ಗೊತ್ತಿಲ್ಲ. ಆದ್ರೆ ಅಮ್ಮನ್ನ, ಅಕ್ಕನ್ನ ನೋಡ್ಬೇಕು. ಭಾನುವಾರ ಬರ್ತೀನಿ. ನಾನು ಬರ್ತೀನಿ ಅಂತ ನೀವು ಎಲ್ಲಾದ್ರೂ ಹೊರಗೆ ಹೋಗಿ ಕೂರ್ಬೇಡಿ. ಮನೇಲೇ ಇರಿ."

ಮೆರಿಲ್ ನಿಜಕ್ಕೂ ಹೊರಗೆ ಹೋಗುವುದನ್ನೇ ಯೋಚಿಸುತ್ತಿದ್ದ! ನಾಚಿಕೆಯಿಂದ ಕಿವಿಯವರೆಗೂ ಕೆಂಪಾಗಿ ಗೋಡೆಗೆ ಒರಗಿದ.

"ಇರ್ತೀನಪ್ಪ..." ಎಂದ. "ಮನೇಲೇ ಇರ್ತೀನಿ."